ಕೆಂಪು ಪ್ಯಾಲೆಟ್ ಕದಲಿಲ್ಲ

"ಚಾಕು ಅಷ್ಟು ಆಳಕ್ಕೆ ಇಳಿಸ್ಬೇಡ ವಿಬೆಕೆ. ಒಳಗಿನ ಪೆಟ್ಟಿಗೆ ಕುಯ್ದುಹೋದ್ರೆ ನಾಳೆ ಅದಕ್ಕೂ ನನ್ನನ್ನೇ ಕೇಳ್ತಾರೆ" ಎಂದಳು ಸಿಗ್ನೆ.

"ಗಡಿಯಲ್ಲಿ ಸುಂಕದ ಕೆಲಸ ಮಾಡ್ಕೊಂಡು ಲಾರಿಗಳ ಹೊಟ್ಟೆ ಬಗೆದವಳು ಕಣೇ ನಾನು. ನಿನ್ನ ಪೆಟ್ಟಿಗೆಗೆ ಒಂದು ಗೀರೂ ಬೀಳಲ್ಲ" ಎಂದೆ.

ಗೀರು ಬಿತ್ತು. ಯಾರೂ ನೋಡಲಿಲ್ಲ ಅಂದುಕೊಂಡೆ. ಗೋರ್ಮ್ ನೋಡಿಬಿಟ್ಟಿದ್ದ, ಮೀಸೆಯಡಿಯಲ್ಲೇ ನಕ್ಕ.

ಡೆನ್ಮಾರ್ಕಿನ ಗಡಿಯೂರು ಪಾಡ್‌ಬೋರ್ಗ್‌ನ ಸೋಲ್‌ಬೆಕ್ ಡೇರಿಯ ಉಗ್ರಾಣದಲ್ಲಿ, ಕಬ್ಬಿಣದ ಜಾಲರಿಯ ಪಂಜರದೊಳಗೆ ನಾವು ನಾಲ್ವರು ನಿಂತಿದ್ದೆವು. ನಡುವೆ ಒಂದು ಕೆಂಪು ಪ್ಯಾಲೆಟ್, ಸರಕು ಹೊರುವ ಪ್ಲಾಸ್ಟಿಕ್ ಅಡಿಹಲಗೆ. ಅದರ ಮೇಲೆ ಆಳೆತ್ತರಕ್ಕೆ ಪೇರಿಸಿ, ಕಪ್ಪು ಪ್ಲಾಸ್ಟಿಕ್ ಹಾಳೆ ಸುತ್ತಿದ ಸರಕು. ಸಿಗ್ನೆ ಇಲ್ಲಿನ ಗುಣಮಟ್ಟದ ಮುಖ್ಯಸ್ಥೆ, ಯಾವ ಸರಕು ಹೋಗಬೇಕು ಯಾವುದು ನಿಲ್ಲಬೇಕು ಎನ್ನುವವಳು. ಪಂಜರದ ಕೀಲಿ ಅವಳ ಕೊರಳಲ್ಲೇ ತೂಗುತ್ತದೆ. ಗೋರ್ಮ್ ಲಾರಿ ತುಂಬುವ ಕಡೆಯ ಮೇಸ್ತ್ರಿ. ಮೂಲೆಯಲ್ಲಿ ಕಿವಿ ಮುಚ್ಚುವ ಟೋಪಿಯನ್ನು ಕೈಯಲ್ಲಿ ಹಿಂಡುತ್ತ ನಿಂತವನು ಎಬ್ಬೆ, ಒಳಮನೆಯ ಫೋರ್ಕ್‌ಲಿಫ್ಟ್ ಓಡಿಸುವವನು.

ಎಬ್ಬೆಗಾಗಿಯೇ ನಾನು ಬಂದದ್ದು. ಅವನ ಮೊಮ್ಮಗಳು ಅಲ್ಮಾ, ಇನ್ನೂ ಹಲ್ಲು ಬಾರದ ಕೂಸು, ಹಾಲುಪುಡಿ ಕುಡಿದು ಆಸ್ಪತ್ರೆ ಸೇರಿದೆ. ಆ ಡಬ್ಬಿಯ ಮೇಲಿದ್ದದ್ದು ಈ ಸರಕಿನ ನಂಬರು. ರೋಗಾಣು ಇದೆ ಎಂದು ಸಿಗ್ನೆ ತಡೆದು ನಿಲ್ಲಿಸಿದ ಸರಕು ಇದು. ಡಬ್ಬಿ ಕೊಟ್ಟವನು ಅಜ್ಜ. ಗಡಿಯಾಚೆಯ ಅಂಗಡಿಯಲ್ಲಿ ಕೊಂಡೆ ಎನ್ನುತ್ತಾನೆ ಎಬ್ಬೆ. ತಡೆದ ಸರಕು ಪಂಜರದಲ್ಲಿದ್ದ ಮೇಲೆ ಅಂಗಡಿಗೆ ಹೇಗೆ ಹೋಗುತ್ತದೆ, ಇವನೇ ಇಲ್ಲಿಂದ ಕದ್ದಿದ್ದಾನೆ ಎನ್ನುತ್ತಾರೆ ಪೊಲೀಸರು.

ಮಧ್ಯಾಹ್ನ ಅವರು ಅವನನ್ನು ಕರೆದೊಯ್ಯಲು ಬರುತ್ತಾರೆ. ಅಷ್ಟರೊಳಗೆ ಏನಾದರೂ ಮಾಡು ಎಂದು ಅವನ ಕಾರ್ಮಿಕ ಸಂಘದವರು ನನ್ನನ್ನು ಕಳಿಸಿದ್ದರು. ಪೊಲೀಸರ ಭಯ ಎಬ್ಬೆಗೆ ಅಷ್ಟಿರಲಿಲ್ಲ. ಮಗಳು ಮರೆನ್ ಅವನಿಗೆ ಬಾಗಿಲು ತೆರೆಯುತ್ತಿಲ್ಲ, ಮಗುವಿನ ಮುಖ ತೋರಿಸುತ್ತಿಲ್ಲ. ಅದೊಂದೇ ಅವನನ್ನು ತಿನ್ನುತ್ತಿತ್ತು.

ಕಪ್ಪು ಹಾಳೆಯ ಮೇಲ್ಮೂಲೆಯಲ್ಲಿ ಹಸಿರು ಟೇಪಿನ ತೇಪೆಯಿತ್ತು.

"ಇದೇನು?"

"ಅದು ನಂದು. ಎರಡನೇ ಸಲ ಪರೀಕ್ಷೆಗೆ ಅಂತ ಒಂದು ಡಬ್ಬಿ ತೆಗೆದೆ. ಪೊಲೀಸರಿಗೂ ಹೇಳಿದೀನಿ" ಎಂದಳು ಸಿಗ್ನೆ.

ನಾನು ತಲೆಯಾಡಿಸಿ ಹಾಳೆಯನ್ನು ಉದ್ದಕ್ಕೂ ಸೀಳಿದೆ. ಅದು ಸರಸರ ಜಾರಿ ನೆಲಕ್ಕೆ ಬಿತ್ತು.

ನನ್ನ ಆಸೆ ಏನಿತ್ತೆಂದು ಬಚ್ಚಿಡುವುದಿಲ್ಲ. ಒಳಗೆ ಬೇರೆಯದೇ ಸರಕಿರುತ್ತದೆ, ಯಾರೋ ಅದಲು ಬದಲು ಮಾಡಿರುತ್ತಾರೆ, ಎಬ್ಬೆ ಪಾರಾಗುತ್ತಾನೆ ಎಂದು ರಾತ್ರಿಯೆಲ್ಲ ಲೆಕ್ಕ ಹಾಕಿದ್ದೆ. ನಾಲ್ಕೂ ಕಡೆ ಸುತ್ತಿ ನೋಡಿದೆ. ಪ್ರತಿ ಪೆಟ್ಟಿಗೆಯ ಮೇಲೂ ಅದೇ ನಂಬರು. ಒಂದು ಸಾಲೂ ಕಡಿಮೆಯಿಲ್ಲ.

"ತುಂಬಿದೆಯಲ್ಲ! ಎಲ್ಲೂ ಹೋಗಿಲ್ಲ. ಅಜ್ಜಿಯ ಲೆಕ್ಕ ಬುಡಮೇಲಾಯ್ತು" ಎಂದ ಗೋರ್ಮ್.

"ಅಜ್ಜಿ ಅಂದ್ರೆ ನಿನ್ನ ಕಿವಿ ಹಿಂಡ್ತೀನಿ" ಎಂದೆ. ಆದರೆ ನನ್ನ ದನಿಯಲ್ಲಿ ಕಸುವಿರಲಿಲ್ಲ.

ಎಬ್ಬೆ ಟೋಪಿಯನ್ನೇ ನೋಡುತ್ತಿದ್ದ. "ನಾನು ಕೊಂಡ್ಕೊಂಡಿದ್ದು ವಿಬೆಕೆ. ಗಡಿಯಾಚೆ ಹಾರಿಸ್ಲೆಯ ಅಂಗಡೀಲಿ. ಬಿಯರ್ ತರೋಕೆ ಹೋಗಿದ್ದೆ, ಶೆಲ್ಫಲ್ಲಿ ನಮ್ಮ ಡೇರಿಯ ಡಬ್ಬಿ ಕಾಣ್ತು, ಇಲ್ಲಿಗಿಂತ ಅಗ್ಗ. ಬಿಲ್ ಚೀಟಿ ಇಟ್ಕೊಳ್ಳಲಿಲ್ಲ. ಬಿಯರ್ ತಂದ ಚೀಟೀನ ಯಾರಾದ್ರೂ ಇಟ್ಕೋತಾರಾ?"

ನನಗೆ ತಲೆ ಕೆಟ್ಟುಹೋಯಿತು. ಸರಕು ಪೂರ್ತಿ ಇಲ್ಲೇ ಇದೆ, ಡಬ್ಬಿ ಮಾತ್ರ ಗಡಿಯಾಚೆ ಶೆಲ್ಫಿನಲ್ಲಿತ್ತು. ಎರಡೂ ನಿಜವಾಗಲು ಹೇಗೆ ಸಾಧ್ಯ?

"ಶುರುವಿನಿಂದ ಹೇಳಿ. ಇದು ಕೆಂಪಿನ ಮೇಲೆ ಹೇಗೆ ಬಂತು?"

ಸಿಗ್ನೆ ಉಸಿರುಬಿಟ್ಟು ಹೇಳಿದಳು. ರೋಗಾಣುವಿನ ಸುದ್ದಿ ಬಂದಾಗ ಪೆಟ್ಟಿಗೆಗಳು ಇನ್ನೂ ತುಂಬುತ್ತಿದ್ದವು. ಪೇರಿಸುವ ಯಂತ್ರದಡಿಗೆ ಎಂದಿನ ನೀಲಿ ಪ್ಯಾಲೆಟ್ಟಿನ ಬದಲು, ತಡೆದ ಸರಕಿಗೆಂದೇ ಇರುವ ಕೆಂಪನ್ನು ಕೊಡಿಸಿದಳು. ಎಬ್ಬೆ ಅದನ್ನು ತಂದು ಒಳಮನೆ ಮುಗಿದು ಲಾರಿ ಕಡೆ ಶುರುವಾಗುವ ಹಳದಿ ಗೆರೆಯ ಹತ್ತಿರ ಇಟ್ಟು ಮನೆಗೆ ಹೋದ. ಮರುದಿನ ಸಿಗ್ನೆ ಮೀಟಿಂಗಿಗೆ ಕೋಲ್ಡಿಂಗ್‌ಗೆ ಹೋಗಿದ್ದಳು. ಅದರ ಮಾರನೆಯ ಬೆಳಿಗ್ಗೆ ಬಂದು ಇದನ್ನು ಪಂಜರಕ್ಕೆ ಸೇರಿಸಿ ಬೀಗ ಹಾಕಿದಳು.

"ಕಪ್ಪು ಹಾಳೆ ಸುತ್ತಿದ್ದು ಯಾರು?"

"ಎಬ್ಬೆ" ಎಂದಳು ಸಿಗ್ನೆ.

"ನಾನಲ್ಲ" ಎಂದ ಎಬ್ಬೆ. "ಸಿಗ್ನೆ ಯಾರ ಹತ್ರನೋ ಸುತ್ತಿಸಿರ್ಬೇಕು ಅಂದ್ಕೊಂಡಿದ್ದೆ."

ಗೋರ್ಮ್ ಗಡಿಯಾರ ನೋಡಿಕೊಂಡ.

"ಆ ನಡುವಿನ ದಿನ ಪೂರ್ತಿ ಇದು ಗೆರೆಯ ಹತ್ರ ಬಿದ್ದಿತ್ತು ಅಂತಾಯ್ತು. ಯಾರೂ ಮುಟ್ಟಲಿಲ್ವಾ?"

"ಕೆಂಪನ್ನ ಯಾರು ಮುಟ್ತಾರೆ?" ಮೂವರೂ ಒಟ್ಟಿಗೇ ಅಂದರು. ಪ್ರಶ್ನೆಯೇ ಅವರಿಗೆ ವಿಚಿತ್ರವಾಗಿ ಕೇಳಿಸಿತ್ತು.

ಅದೂ ಸರಿಯೇ. ಈ ಕಟ್ಟಡದಲ್ಲಿ ಜನ ಸರಕನ್ನು ನೋಡುವುದಿಲ್ಲ, ಕಾಲಬುಡದ ಬಣ್ಣ ನೋಡುತ್ತಾರೆ. ನೀಲಿಯಾದರೆ ಹೋಗಬಹುದು, ಕೆಂಪಾದರೆ ನಿಲ್ಲಬೇಕು. ಆದರೆ ಈ ಎರಡು ಬಣ್ಣದ ಪ್ಲಾಸ್ಟಿಕ್ ಪ್ಯಾಲೆಟ್‌ಗಳೂ ಹಳದಿ ಗೆರೆ ದಾಟುವುದಿಲ್ಲ. ಗೆರೆಯಾಚೆ ಗೋರ್ಮ್‌ನ ರಾಜ್ಯ. ಅಲ್ಲಿರುವುದೆಲ್ಲ ಊರೂರು ಸುತ್ತಿ ಮಣ್ಣು ಮೆತ್ತಿಕೊಂಡ ಬರಿಮರದ ಪ್ಯಾಲೆಟ್‌ಗಳು. ಎಲ್ಲರೂ ಆಣೆ ಮಾಡಿ ಹೇಳಿದ್ದೂ ಒಂದೇ ಮಾತು: ಕೆಂಪು ಪ್ಯಾಲೆಟ್ ಕದಲಲಿಲ್ಲ.

ಮಂಡಿ ನೋಯುತ್ತಿತ್ತು. ಪಂಜರದ ಹೊರಗೆ ಬಂದು, ಗೋಡೆಯ ಬದಿಗೆ ಬಿದ್ದಿದ್ದ ಖಾಲಿ ನೀಲಿಯೊಂದರ ಅಂಚಿನ ಮೇಲೆ ಕೂತೆ. ಎಬ್ಬೆ ಫ್ಲಾಸ್ಕಿನಿಂದ ಕಾಫಿ ಬಗ್ಗಿಸಿ ಕೊಟ್ಟ. ಅರ್ಧ ನೆಲಕ್ಕೆ ಚೆಲ್ಲಿತು.

"ಅಲ್ಮಾಗೆ ಜ್ವರ ಇಳಿದಿದೆಯಂತೆ. ನರ್ಸ್ ಹೇಳಿದ್ಳು. ಮರೆನ್ ಹೇಳಲಿಲ್ಲ" ಎಂದ.

ಸಮಾಧಾನ ಹೇಳಲು ನನಗೆ ಬರುವುದಿಲ್ಲ. ಸುಮ್ಮನೆ ಕಾಫಿ ಕುಡಿಯುತ್ತ, ಪಕ್ಕದ ನೀಲಿಯ ಮೇಲಿನ ಪೆಟ್ಟಿಗೆಗಳನ್ನು ನೋಡುತ್ತಿದ್ದೆ. ಪ್ರತಿಯೊಂದರ ಮೇಲೂ ಒಂದು ಕಪ್ಪು ಬಾಣದ ಗುರುತು. ಬಾಣ ಎಲ್ಲವುಗಳಲ್ಲೂ ಕೆಳಮುಖ.

ಅಕ್ಷರಗಳೂ ತಲೆಕೆಳಗು. ಆಚೆಯ ನೀಲಿಯಲ್ಲೂ ಹಾಗೇ. ಅದರಾಚೆಯದರಲ್ಲೂ ಹಾಗೇ.

"ಎಬ್ಬೆ, ನಿಮ್ಮ ಪೆಟ್ಟಿಗೆಗಳೆಲ್ಲ ಯಾಕೋ ತಲೆ ಮೇಲೆ ನಿಂತಿವೆ?"

"ಮಗುಚ್ತಾರಲ್ಲ ವಿಬೆಕೆ."

ಕೈಯಿಂದ ತೋರಿಸಿದ. ಹಳದಿ ಗೆರೆಯ ಮೇಲೊಂದು ದೊಡ್ಡ ಯಂತ್ರ ಕೂತಿತ್ತು. ಮಗುವಿನ ಹಾಲುಪುಡಿ ಇರುವ ಕಡೆಗೆ ಬೀದಿ ಸುತ್ತಿದ ಮರ ಬರಕೂಡದು, ಒಳಗಿನ ಪ್ಲಾಸ್ಟಿಕ್ ಹೊರಗೆ ಹೋಗಕೂಡದು. ಅದಕ್ಕೆ ಸರಕಿನ ನೆತ್ತಿಯ ಮೇಲೆ ಒಂದು ಮರದ ಪ್ಯಾಲೆಟ್ ಇಟ್ಟು ಎರಡೂ ಕಡೆಯಿಂದ ಒತ್ತಿ ಹಿಡಿದು ಇಡಿಯಾಗಿ ಮಗುಚುತ್ತಾರೆ. ನಾನು ಕೇಕನ್ನು ತಟ್ಟೆಯಿಂದ ತಟ್ಟೆಗೆ ಬೋರಲು ಹಾಕುವ ಹಾಗೆಯೇ. ಹೊರಗೆ ಹೋದಾಗ ನೆಟ್ಟಗಿರಲಿ ಎಂದು ಒಳಗೆ ಎಲ್ಲವನ್ನೂ ತಲೆಕೆಳಗಾಗಿಯೇ ಪೇರಿಸುತ್ತಾರೆ. ಒಳಗೆ ಬಾಣ ಕೆಳಗೆ, ಹೊರಗೆ ಬಾಣ ಮೇಲೆ.

ನಾನು ಲೋಟ ಕೆಳಗಿಟ್ಟೆ. ಎದ್ದು ಮತ್ತೆ ಪಂಜರದೊಳಗೆ ಹೋದೆ.

ಕೆಂಪು ಪ್ಯಾಲೆಟ್ ಮೇಲಿನ ಪೆಟ್ಟಿಗೆಗಳೆಲ್ಲ ನೆಟ್ಟಗೆ ನಿಂತಿದ್ದವು. ಬಾಣಗಳೆಲ್ಲ ಮೇಲ್ಮುಖ.

ಆಗಿನಿಂದ ಅವನ್ನೇ ನೋಡುತ್ತಿದ್ದೆವು. ನೆಟ್ಟಗಿದ್ದದ್ದು ಯಾರ ಕಣ್ಣಿಗೂ ತಪ್ಪಾಗಿ ಕಾಣಲಿಲ್ಲ. ನಂಬರು ಓದಲು ನನಗಂತೂ ಸಲೀಸಾಗಿತ್ತು, ಅದಕ್ಕೇ ಬೆಪ್ಪಳ ಹಾಗೆ ಸುಮ್ಮನಿದ್ದೆ.

"ಸಿಗ್ನೆ, ಕೆಂಪಿನ ಮೇಲೆ ಪೇರಿಸಿದ್ದು ಅದೇ ಯಂತ್ರ ತಾನೇ?"

"ಅದೇ. ನೀಲಿಗೆ ಹೇಗೋ ಕೆಂಪಿಗೂ ಹಾಗೇ, ತಲೆಕೆ..." ಅವಳ ಮಾತು ಅಲ್ಲೇ ನಿಂತಿತು. ಬಾಣ ನೋಡಿದಳು. ಬಾಯಿಗೆ ಕೈ ಹೋಯಿತು.

ಮೇಲಿನ ಸಾಲಿನ ಒಂದು ಪೆಟ್ಟಿಗೆ ಎತ್ತಿ ಅದರ ತಳ ನೋಡಿದೆ. ರಟ್ಟಿನ ಮೇಲೆ ಎರಡು ಅಗಲ ಪಟ್ಟಿ ಒತ್ತಿಕೊಂಡಿತ್ತು, ನಡುವೆ ಸಂದು. ಒಂದು ಪಟ್ಟಿಗೆ ಮಣ್ಣಿನ ಬಣ್ಣ, ಮೂಗಿಗೆ ಹಿಡಿದರೆ ಪೈನ್ ಮರದ ವಾಸನೆ. ಪ್ಲಾಸ್ಟಿಕ್ ಪ್ಯಾಲೆಟ್ಟಿನ ಮೈ ನುಣುಪು, ಅದು ಪಟ್ಟಿ ಮೂಡಿಸುವುದಿಲ್ಲ. ಪಕ್ಕದ್ದನ್ನೂ ಎತ್ತಿದೆ. ಅದರಲ್ಲೂ ಪಟ್ಟಿ.

"ಇವು ಮರದ ಮೇಲೆ ಕೂತಿದ್ದವು. ಎಲ್ಲಕ್ಕಿಂತ ಕೆಳಗಿನ ಸಾಲಲ್ಲಿ, ಮೇಲಿನ ಭಾರವನ್ನೆಲ್ಲ ಹೊತ್ಕೊಂಡು. ಈಗ ಎಲ್ಲಕ್ಕಿಂತ ಮೇಲಿವೆ" ಎಂದೆ.

"ಹಾಗಂದ್ರೆ?" ಎಬ್ಬೆ ಕೇಳಿದ.

"ಕೆಂಪು ಕದಲಿಲ್ಲ, ನಿಜ. ಅದರ ಮೇಲಿದ್ದದ್ದು ಕದಲಿದೆ. ಮರದ ಮೇಲೆ ಏರಿ ಗೆರೆ ದಾಟಿ ಹೋಗಿ, ವಾಪಸ್ ಬಂದು, ಯಾರೋ ಒಂದೊಂದೇ ಪೆಟ್ಟಿಗೆ ಎತ್ತಿ ಕೈಯಲ್ಲೇ ಪೇರಿಸಿದ್ದಾರೆ. ಮರದ ಮೇಲೆ ತಳದಲ್ಲಿದ್ದದ್ದು ಇಲ್ಲಿ ನೆತ್ತಿಗೆ ಬಂತು."

ಕೈಯಲ್ಲಿ ಪೇರಿಸಿದ ಆ ಮನುಷ್ಯನಿಗೆ ಒಳಮನೆಯ ಅಭ್ಯಾಸ ಇರಲಿಲ್ಲ. ಇದ್ದಿದ್ದರೆ ಕೈ ತಾನಾಗಿ ತಲೆಕೆಳಗು ಮಾಡುತ್ತಿತ್ತು.

ನನಗೊಂದು ಯೋಚನೆ ಹೊಳೆಯಿತು. ಸಣ್ಣ ಕುತಂತ್ರ, ಆದರೆ ಗಂಟೆ ಓಡುತ್ತಿತ್ತು. ಪಂಜರದ ಮೂಲೆಯಲ್ಲಿ ಖಾಲಿ ಕೆಂಪು ಒಂದಿತ್ತು. ಕೈಯಲ್ಲಿದ್ದ ಪೆಟ್ಟಿಗೆಯನ್ನು ಅಡ್ಡಡ್ಡಲಾಗಿ ಹಿಡಿದು ಎಬ್ಬೆಗೆ ಕೊಟ್ಟೆ.

"ಅದರ ಮೇಲಿಡು ಮಾರಾಯ, ನನ್ನ ಸೊಂಟ ಹಿಡ್ಕೊಂಡಿದೆ."

ಎಬ್ಬೆ ತಗೊಂಡ, ಬಗ್ಗಿದ, ಇಟ್ಟ. ಬಾಣ ಕೆಳಗಾಗಿ.

ಎರಡನೆಯದನ್ನು ಹಾಗೇ ಅಡ್ಡಡ್ಡಲಾಗಿ ಗೋರ್ಮ್‌ಗೆ ಕೊಟ್ಟೆ. "ನೀನೂ ಕೈ ಹಾಕು. ಬಿಟ್ಟಿ ನಿಂತಿದೀಯ."

ಗೋರ್ಮ್ ಗೊಣಗುತ್ತ ತಗೊಂಡ. ಎದೆಯ ಹತ್ತಿರ ಬಂದಾಗ ಅವನ ಎರಡು ಕೈ ಪೆಟ್ಟಿಗೆಯನ್ನು ಚಕ್ಕನೆ ತಿರುಗಿಸಿದವು. ಎಬ್ಬೆಯದರ ಪಕ್ಕದಲ್ಲೇ ಇಟ್ಟ. ಬಾಣ ಮೇಲಾಗಿ.

ಅಕ್ಕಪಕ್ಕದಲ್ಲಿ ಎರಡು ಪೆಟ್ಟಿಗೆ. ಒಂದು ತಲೆಕೆಳಗು, ಒಂದು ನೆಟ್ಟಗೆ.

ಗೋರ್ಮ್ ಬಗ್ಗಿದವನು ಬಗ್ಗಿದ ಹಾಗೇ ಉಳಿದ.

"ಗೆರೆಯಾಚೆ ಇಷ್ಟು ವರ್ಷ ಪೆಟ್ಟಿಗೆ ಹೊತ್ತ ಕೈ. ಅದಕ್ಕೆ ಬಾಣ ಮೇಲಿದ್ರೇನೇ ಸಮಾಧಾನ. ಇದನ್ನ ಪೇರಿಸಿದವನು ನೀನೇ ಗೋರ್ಮ್" ಎಂದೆ.

"ಹೋಗ್ಲಿ ಬಿಡು, ಪೆಟ್ಟಿಗೆ ನೆಟ್ಟಗಿಟ್ಟವರೆಲ್ಲ ಕಳ್ಳರಾ? ಹಾಗಾದ್ರೆ ಇಡೀ ಡೆನ್ಮಾರ್ಕನ್ನೇ ಒಳಗೆ ಹಾಕು."

"ಕಳ್ಳ ಅಂದೆನಾ? ಪೇರಿಸಿದವನು ಅಂದೆ. ಕಳ್ಳತನದ ಮಾತು ನೀನೇ ತೆಗೆದೆ."

"ನಿನ್ನ ಹತ್ರ ಮಾತಾಡೋದಿಲ್ಲ. ವಕೀಲ ಬರ್ಲಿ."

"ಬರ್ಲಿ. ಅವನು ಬರೋ ಹೊತ್ತಿಗೆ ಎಬ್ಬೆ ಪೊಲೀಸ್ ಗಾಡೀಲಿರ್ತಾನೆ. ನೀನು ಬಾಗಿಲಲ್ಲಿ ನಿಂತು ನೋಡು. ನಾಳೆ ಕಾಫಿ ಹೊತ್ತಿಗೆ ಇವನ ಕುರ್ಚಿ ಖಾಲಿ ಇರುತ್ತಲ್ಲ, ಅದನ್ನೂ ನೋಡ್ಕೊಂಡು ಕಾಫಿ ಕುಡಿ."

ಗೋರ್ಮ್ ಎಬ್ಬೆಯ ಕಡೆ ನೋಡಿದ. ನೋಡಬಾರದಿತ್ತು ಅವನು. ಎಬ್ಬೆ ಸಿಟ್ಟಿನಲ್ಲಿರಲಿಲ್ಲ. ಏನೂ ತಿಳಿಯದವನ ಹಾಗೆ ಬಾಯಿ ತೆರೆದು ನಿಂತಿದ್ದ. ಆ ಮುಖ ನೋಡಿಯೇ ಗೋರ್ಮ್ ಕುಸಿದ, ಖಾಲಿ ಕೆಂಪಿನ ಅಂಚಿನ ಮೇಲೆ ಕೂತುಬಿಟ್ಟ.

"ಕದಿಯಲಿಲ್ಲ ನಾನು" ಎಂದ. "ಡೋರಿನ್ ಮಾಡಿದ್ದು. ಪಾಪ, ಅವನಿಗೂ ಗೊತ್ತಿಲ್ಲದೆ."

ಡೋರಿನ್ ಎಂದರೆ ರೊಮೇನಿಯಾದಿಂದ ಬಂದು ಲಾರಿ ತುಂಬುವ ಕಡೆ ಹಂಗಾಮಿ ಕೆಲಸಕ್ಕೆ ಸೇರಿದ್ದ ಹುಡುಗ. ಕಳೆದ ವಾರ ಕೆಲಸ ಬಿಟ್ಟಿದ್ದ ಎಂದಷ್ಟೇ ನನಗೆ ಗೊತ್ತಿತ್ತು.

"ಅವನು ಮೊದಲು ಗಡಿಯಾಚೆ ಪಾನೀಯದ ಉಗ್ರಾಣದಲ್ಲಿದ್ದ. ಅಲ್ಲಿ ಕೆಂಪು ಅಂದ್ರೆ ಬಾಡಿಗೆ ಪ್ಯಾಲೆಟ್. ಯಾರದೋ ಕಂಪನೀದು, ಗಡಿ ದಾಟಿ ಕಳೆದುಹೋದ್ರೆ ದಂಡ ಕಟ್ಟಬೇಕು. ಅದಕ್ಕೆ ಅಲ್ಲಿ ಕೆಂಪಿನ ಮೇಲಿದ್ದ ಸರಕನ್ನ ಮೊದಲು ಬರಿಮರಕ್ಕೆ ಮಗುಚಿ, ಮರವನ್ನ ಲಾರಿಗೆ ಹಾಕಿ, ಕೆಂಪನ್ನ ಮನೇಲೇ ಉಳಿಸ್ಕೋಬೇಕು. ಇಲ್ಲಿ ಬಂದ ಹೊಸದು. ಗೆರೆ ಹತ್ರ ಕೆಂಪು ಕಂಡ. ಮಗುಚಿದ. ಹಾರಿಸ್ಲೆಗೆ ಹೊರಟಿದ್ದ ಲಾರಿಗೆ ಹಾಕಿದ."

"ದೇವರೇ" ಎಂದಳು ಸಿಗ್ನೆ.

"ಹಾಕಿ ನನ್ನ ಹತ್ರ ಓಡಿಬಂದ. 'ಸಾಹೇಬ್ರೇ, ನಿಮಗೊಂದು ಕೆಂಪು ಉಳಿಸಿದೀನಿ' ಅಂತ ಹಲ್ಲು ಬಿಟ್ಟು ನಗ್ತಾನೆ. ಏನು ಹೇಳ್ಲಿ? ಭೇಷ್ ಅಂದೆ."

"ಭೇಷ್ ಅಂದೆಯಾ!"

"ಬೈದ್ರೆ ನಾಲ್ಕು ಜನಕ್ಕೆ ಗೊತ್ತಾಗ್ತಿತ್ತು. ಗೆರೆಯ ಹೊರಗೆ ನಡೆಯೋದಕ್ಕೆಲ್ಲ ನಾನೇ ಹೊಣೆ. ಹೊಸಬನಿಗೆ ಬಣ್ಣ ಹೇಳಿಕೊಡೋದೂ ನನ್ನ ಕೆಲಸ. ಹೇಳಿಕೊಟ್ಟಿರಲಿಲ್ಲ. ಕೆಂಪು ಅಂದ್ರೆ ಏನು ಅಂತ ಯಾರಾದ್ರೂ ಹೇಳಿಕೊಡ್ಬೇಕಾ ಅನ್ಕೊಂಡಿದ್ದೆ."

ವ್ಯಾನು ತಗೊಂಡು ಹಿಂದೆಯೇ ಓಡಿದನಂತೆ. ಅಂಗಡಿಯ ಹಿತ್ತಿಲಲ್ಲಿ ಸರಕು ಸಿಕ್ಕಿತು. ತಪ್ಪು ಸರಕು ಬಂದಿದೆ ಎಂದು ಸುಳ್ಳು ಹೇಳಿ ವಾಪಸ್ ತಂದ. ಒಂದು ಪೆಟ್ಟಿಗೆಯನ್ನು ಮಾತ್ರ ಅಷ್ಟರಲ್ಲೇ ಬಿಚ್ಚಿ ಶೆಲ್ಫಿಗೆ ಜೋಡಿಸಿಬಿಟ್ಟಿದ್ದರು. ಆ ಡಬ್ಬಿಗಳನ್ನೂ ಬಾಚಿಕೊಂಡು ಬಂದು, ಅದೇ ಪೆಟ್ಟಿಗೆಗೆ ತುಂಬಿ, ಟೇಪು ಹಚ್ಚಿ, ಎಲ್ಲರೂ ಮನೆಗೆ ಹೋದ ಮೇಲೆ ಒಬ್ಬನೇ ಪೇರಿಸಿ ಕಪ್ಪು ಹಾಳೆ ಸುತ್ತಿದ.

"ಎಲ್ಲ ಡಬ್ಬೀನೂ ಸಿಕ್ವಾ?" ಕೇಳಿದೆ.

ಗೋರ್ಮ್ ನೆಲ ನೋಡಿದ. "ಒಂದು ಮಾರಾಟ ಆಗಿತ್ತು."

"ಯಾರಿಗೆ ಅಂತ ಅಂಗಡಿಯವನು ಹೇಳಿದ್ನಾ?"

ಕೂತಿದ್ದ ಕೆಂಪಿನ ಅಂಚನ್ನು ಉಗುರಿನಿಂದ ಕೆರೆದ.

"ಕಿವಿ ಮುಚ್ಚೋ ಟೋಪಿ ಹಾಕಿದ್ದ ಮುದುಕ ಅಂದ. ಡೆನ್ಮಾರ್ಕಿನವನು. ಬಿಯರ್ ಜೊತೆ ತಗೊಂಡ ಅಂದ."

ಎಬ್ಬೆಯ ಕೈಯಲ್ಲಿದ್ದ ಟೋಪಿ ಕೆಳಗೆ ಬಿತ್ತು.

"ನಿನಗೆ ಗೊತ್ತಿತ್ತು" ಎಂದ. ಕೂಗಲಿಲ್ಲ. "ಅಲ್ಮಾ ಆಸ್ಪತ್ರೆಗೆ ಹೋದ ದಿನದಿಂದ ನಿನಗೆ ಗೊತ್ತಿತ್ತು. ನಾನು ಕಳ್ಳ ಅಂತ ಇವರೆಲ್ಲ ಅಂದಾಗ ನೀನು ನನ್ನ ಎದುರಿಗೇ ಕೂತು ರೊಟ್ಟಿ ತಿಂತಿದ್ದೆ."

"ಎಬ್ಬೆ..."

"ಬೇಡ. ನಂಗೆ ಬೇಡ. ಮರೆನ್‌ಗೆ ಫೋನ್ ಮಾಡು. ಈಗಲೇ. ನನ್ನ ಎದುರಿಗೇ ಹೇಳು."

ನಾನು ಇಷ್ಟು ವರ್ಷ ಕಳ್ಳರ ಜೊತೆ, ಸುಳ್ಳರ ಜೊತೆ ಗುದ್ದಾಡಿದ್ದೇನೆ. ಆ ಹೊತ್ತು ಗೋರ್ಮ್‌ನನ್ನು ನೋಡಿದಾಗ ಆದಷ್ಟು ಹೇಸಿಗೆ ಬೇರೆ ಯಾವಾಗಲೂ ಆಗಿರಲಿಲ್ಲ. ಅವನ ಮೇಲೆ ಸ್ವಲ್ಪ ಮರುಕವೂ ಬಂತು, ಅದಕ್ಕೆ ಇನ್ನಷ್ಟು ಸಿಟ್ಟು ಬಂತು.

ಗೋರ್ಮ್ ಫೋನು ಕಿವಿಗಿಟ್ಟುಕೊಂಡ. ಆ ಕಡೆ ಎತ್ತಿದ ಸದ್ದು ಕೇಳಿತು. ತೊದಲುತ್ತ ಶುರುಮಾಡಿದ. ಆಮೇಲೆ ಫೋನನ್ನು ಎಬ್ಬೆಯ ಕೈಗೆ ಕೊಟ್ಟ. ಎಬ್ಬೆ ಕೇಳಿಸಿಕೊಂಡ. ಕೊನೆಗೆ, "ಹ್ಞೂಂ ಪುಟ್ಟಿ, ಬರ್ತೀನಿ. ಸಂಜೆ ಬರ್ತೀನಿ" ಎಂದು ಗೋಡೆಯ ಕಡೆ ತಿರುಗಿ ನಿಂತ. ಅವನ ಬೆನ್ನು ಅಲುಗುತ್ತಿತ್ತು.

ಸಿಗ್ನೆ ಕಣ್ಣೊರೆಸಿಕೊಂಡಳು. ನನಗೂ ಮೂಗು ಸೋರಿತು, ಚಳಿಗೆ ಎಂದು ಹೇಳಿದೆ.

ಇಲ್ಲಿಗೆ ಮುಗಿಯಿತು ಎಂದುಕೊಂಡೆ. ಪೊಲೀಸರಿಗೆ ತೋರಿಸಲು ಆ ಬಿಚ್ಚಿದ ಪೆಟ್ಟಿಗೆಯೊಂದು ಸಿಕ್ಕರೆ ಸಾಕಿತ್ತು. ಅದು ಮೇಲಿನ ಸಾಲಿನ ಮೂಲೆಯಲ್ಲೇ ಇತ್ತು. ಉಳಿದವಕ್ಕೆ ಡೇರಿಯ ಬಿಳಿ ಟೇಪು, ಇದಕ್ಕೆ ಲಾರಿ ಕಡೆಯವರ ಕಂದು ಟೇಪು. ಕಂದಿನ ಮೇಲೆ ಸಿಗ್ನೆಯ ಹಸಿರು ಟೇಪು. ಅವಳು ಪರೀಕ್ಷೆಗೆ ಕೈ ಹಾಕಿದ್ದೂ ಇದೇ ಪೆಟ್ಟಿಗೆಗೆ.

ತೆರೆದೆ. ಡಬ್ಬಿಗಳ ಮುಚ್ಚಳದ ಮೇಲೆ ಬೆಲೆಚೀಟಿ ಕಿತ್ತ ಅಂಟಿನ ಕಲೆ. ಡಬ್ಬಿಗಳ ನಡುವೆ ಎರಡು ಗುಂಡನೆಯ ಖಾಲಿ ಜಾಗ.

"ನಾನು ಮುಚ್ಚಿದಾಗ ಒಂದೇ ಖಾಲಿ ಇತ್ತು" ಎಂದ ಗೋರ್ಮ್.

"ಇನ್ನೊಂದು ನಾನು ತೆಗೆದದ್ದು" ಎಂದಳು ಸಿಗ್ನೆ. "ಒಂದು ಎಬ್ಬೆ ಕೊಂಡಿದ್ದು, ಒಂದು ಪರೀಕ್ಷೆದು. ಸರಿಹೋಯ್ತಲ್ಲ."

ಸರಿಹೋಯಿತು. ನಾನು ಮುಚ್ಚಳ ಮುಚ್ಚಲು ಹೋದೆ. ಏನೋ ಒಂದು ಮಾತ್ರ ಮನಸ್ಸಿಗೆ ಚುಚ್ಚುತ್ತಿತ್ತು.

"ಪರೀಕ್ಷೇಲಿ ಏನು ಬಂತು?"

"ಇನ್ನೂ ಬಂದಿಲ್ಲ. ಲ್ಯಾಬಿನವರು ನಿಧಾನ."

"ಡಬ್ಬೀನ ಅವರ ಕೈಗೆ ಕೊಟ್ಯಾ?"

"ಗುರುವಾರ ತೆಗೆದು, ಕೆಂಪು ಚೀಟಿ ಅಂಟಿಸಿ ನನ್ನ ಮೇಜಿನ ಮೇಲಿಟ್ಟೆ. ಸೋಮವಾರ ಅವರ ವ್ಯಾನ್ ಬಂದು ಎತ್ಕೊಂಡು ಹೋಗುತ್ತೆ, ಯಾವಾಗ್ಲೂ ಹಾಗೇ. ಸೋಮವಾರ ನಾನು ಬಂದಾಗ ಡಬ್ಬಿ ಇರಲಿಲ್ಲ."

"ವ್ಯಾನ್ ತಗೊಂಡು ಹೋಗಿದ್ದನ್ನ ನೋಡಿದ್ಯಾ?"

ಸಿಗ್ನೆ ನನ್ನನ್ನೇ ನೋಡಿದಳು. ಫೋನು ತೆಗೆದು ಲ್ಯಾಬಿಗೆ ಹಚ್ಚಿದಳು. ಕೇಳುತ್ತ ಕೇಳುತ್ತ ಅವಳ ಮುಖ ಬಿಳಿಚಿತು.

"ಸೋಮವಾರ ನನ್ನ ಮೇಜಿನ ಮೇಲೆ ಏನೂ ಇರಲಿಲ್ವಂತೆ. ಬರಿಗೈಲಿ ಹೋದ್ರಂತೆ."

"ಗುರುವಾರದಿಂದ ಸೋಮವಾರದ ಒಳಗೆ ನಿನ್ನ ಕೋಣೆಗೆ ಯಾರು ಬಂದಿದ್ರು?"

"ಎಲ್ಲರೂ" ಎಂದಳು. "ಶುಕ್ರವಾರ. ಬನ್ನು ತಿನ್ನೋಕೆ."

ಶುಕ್ರವಾರ ಬೆಳಿಗ್ಗೆ ಕೆಲಸಕ್ಕೆ ಮುಂಚೆ ಎಲ್ಲರೂ ಒಟ್ಟಿಗೆ ಕೂತು ಬನ್ನು, ಬೆಣ್ಣೆ, ಚೀಸು ತಿನ್ನದ ಕಚೇರಿ ಈ ದೇಶದಲ್ಲಿ ಎಲ್ಲಿದೆ? ದೊಡ್ಡ ಮೇಜು ಇದ್ದದ್ದು ಸಿಗ್ನೆಯ ಕೋಣೆಯಲ್ಲಿ ಮಾತ್ರ.

"ಆವತ್ತು ಬರೀ ಬನ್ನಲ್ಲ" ಎಂದ ಗೋರ್ಮ್. "ಡೋರಿನ್‌ಗೆ ಬೀಳ್ಕೊಡುಗೆ. ಊರಲ್ಲಿ ಅವನ ಹೆಂಡತಿಗೆ ಹೆರಿಗೆ ಆಗಿತ್ತು. ಮಗು ನೋಡೋಕೆ ಹೊರಟಿದ್ದ. ಎಲ್ಲರೂ ಸೇರಿ ಒಂದು ಬುಟ್ಟಿ ಕೊಟ್ವಿ. ಒಬ್ಬೊಬ್ಬರು ಒಂದೊಂದು ಹಾಕಿದ್ರು. ಕಾಲುಚೀಲ, ಗಿಲಕಿ, ಕುಲಾವಿ..."

"ಬುಟ್ಟಿ ಎಲ್ಲಿತ್ತು?"

"ಮೇಜಿನ ಮೇಲೆ."

ಎಬ್ಬೆ ಗೋಡೆಯ ಕಡೆಯಿಂದ ತಿರುಗಿದ. ಗೋರ್ಮ್‌ನ ಫೋನು ಇನ್ನೂ ಅವನ ಕೈಯಲ್ಲೇ ಇತ್ತು.

"ಫೋಟೋ ತೆಗೆದ್ವಲ್ಲ" ಎಂದ.

ಗೋರ್ಮ್ ಫೋನು ಇಸಿದುಕೊಂಡು ಹುಡುಕಿದ. ನಾವು ಮೂವರೂ ಅವನ ಭುಜದ ಮೇಲಿಂದ ಬಗ್ಗಿ ನೋಡಿದೆವು. ಉಗ್ರಾಣದವರು, ಕಚೇರಿಯವರು ಎಲ್ಲ ಒತ್ತೊತ್ತಾಗಿ ನಿಂತು ನಗುತ್ತಿದ್ದರು. ಸಿಗ್ನೆ ಇದ್ದಳು, ಗೋರ್ಮ್ ಇದ್ದ, ಹಿಂದಿನ ಸಾಲಿನಲ್ಲಿ ಎಬ್ಬೆಯ ಟೋಪಿ ಕಾಣುತ್ತಿತ್ತು. ನಡುವೆ ಡೋರಿನ್, ಕೆನ್ನೆಯ ತುಂಬ ನಗು, ಎರಡು ಕೈಯಲ್ಲಿ ಬುಟ್ಟಿ ಎತ್ತಿ ಹಿಡಿದಿದ್ದ.

ಗೋರ್ಮ್ ಬೆರಳಿನಿಂದ ಚಿತ್ರವನ್ನು ದೊಡ್ಡದು ಮಾಡಿದ. ಉಣ್ಣೆಯ ಕುಲಾವಿ. ಮರದ ಗಿಲಕಿ. ಅವೆರಡರ ನಡುವೆ, ಆಸರೆಗೆ ನಿಲ್ಲಿಸಿದ ಹಾಗೆ, ಒಂದು ಡಬ್ಬಿ. ಅದರ ಮುಚ್ಚಳದ ಮೇಲೆ ಅಂಗೈಯಗಲದ ಕೆಂಪು ಚೀಟಿ.

ಸಿಗ್ನೆ ಡೋರಿನ್‌ನ ನಂಬರು ಒತ್ತಿದಳು. ಫೋನು ಬಂದ್ ಆಗಿದೆ ಎಂದಿತು ಯಂತ್ರದ ದನಿ. ಇನ್ನೊಮ್ಮೆ ಒತ್ತಿದಳು. ಮತ್ತೆ ಅದೇ.

"ಅಕಸ್ಮಾತ್ ಸೇರ್ಕೊಂಡಿರ್ಬೇಕು ಅಲ್ವಾ? ಮೇಜಿನ ಮೇಲಿತ್ತು, ಯಾರೋ ತಿಳೀದೆ..." ಎಂದಳು.

ನಾನು ಫೋಟೋದಲ್ಲಿದ್ದ ಮುಖಗಳನ್ನು ಒಂದೊಂದಾಗಿ ನೋಡುತ್ತಿದ್ದೆ. ಕೆಂಪನ್ನು ಯಾರು ಮುಟ್ಟುತ್ತಾರೆ ಎಂದು ಸ್ವಲ್ಪ ಹೊತ್ತಿನ ಹಿಂದಷ್ಟೇ ಇವರು ಮೂವರೂ ಒಂದೇ ಉಸಿರಿಗೆ ಕೇಳಿದ್ದರು. ಆ ಕೋಣೆಯಲ್ಲಿದ್ದ ಪ್ರತಿಯೊಬ್ಬರಿಗೂ ಆ ಚೀಟಿಯ ಅರ್ಥ ಗೊತ್ತಿತ್ತು.

ಗೊತ್ತಿಲ್ಲದವನು ಒಬ್ಬನೇ, ಭೇಷ್ ಅನ್ನಿಸಿಕೊಂಡ ಡೋರಿನ್. ಬುಟ್ಟಿ ಅವನ ಕೈಯಲ್ಲಿತ್ತು.